ಮೀಲ್‌ವರ್ಮ್ ಡಬ್ಬದ ಹಳೇ ಬೂಸಾ: ಯಾವುದನ್ನು ಉಳಿಸಿಕೊಳ್ಳಬೇಕು, ಯಾವುದನ್ನು ಬಿಸಾಕಬೇಕು

ಮೀಲ್‌ವರ್ಮ್ ಅಂದರೆ ಮೀನಿಗೆ, ಕೋಳಿಗೆ ಮೇವಾಗಿ ಸಾಕುವ ಹುಳ; ಅದು ಬೆಳೆದು ದುಂಬಿ ಆಗುತ್ತದೆ. ಅದಕ್ಕೆ ಹಾಸೂ ಊಟವೂ ಗೋಧಿ ಬೂಸಾನೇ. ಮೊದಲ ಸಲ ಮೀಲ್‌ವರ್ಮ್ ಡಬ್ಬ ಕ್ಲೀನ್ ಮಾಡಿದಾಗ ದುಂಬಿಗಳನ್ನೆಲ್ಲ ಆರಿಸಿ ಹೊಸ ಬೂಸಾ ಇದ್ದ ಡಬ್ಬಕ್ಕೆ ಹಾಕಿದೆ. ಹಳೇ ಬೂಸಾ ನೋಡಿದರೆ ಕಂದು ಬಣ್ಣಕ್ಕೆ ತಿರುಗಿ ಪುಡಿಪುಡಿ ಆಗಿತ್ತು. ಇದರಲ್ಲಿ ಇನ್ನೇನಿದೆ ಅಂತ ಟೆರೇಸ್ ಮೇಲಿನ ಕಾಂಪೋಸ್ಟ್ ಬಕೆಟ್‌ಗೆ ಸುರಿದುಬಿಟ್ಟೆ. ಒಂದು ತಿಂಗಳ ಮೇಲೆ ಬಕೆಟ್ ಕೆದಕಿದರೆ ಮೇಲಿನ ಒಣ ಪದರದ ತುಂಬ ದಾರದ ಎಳೆಯಂಥ ಹುಳಗಳು ಗಿಜಿಗಿಜಿ ಅನ್ನುತ್ತಿದ್ದವು. ನೂರಲ್ಲ, ಸಾವಿರ ಇದ್ದವು. ಅದೇ ವಾರ ಅರೋವಾನಾ ಮೀನಿಗೆ ಅಂತ ಅಂಗಡಿಯಿಂದ ದುಡ್ಡು ಕೊಟ್ಟು ಹುಳ ತಂದಿದ್ದೆ.

ಅದಾಗಿ ಒಂದು ವರ್ಷಕ್ಕೆ ಇದರ ಉಲ್ಟಾ ತಪ್ಪು ಮಾಡಿದೆ. ಏನನ್ನೂ ಬಿಸಾಕಬಾರದು ಅಂತ ಹಠ ಹಿಡಿದು ಒಂದು ಡಬ್ಬದ ಹಳೇ ಬೂಸಾವನ್ನು ಇನ್ನೆರಡು ಡಬ್ಬಕ್ಕೆ ಬೆರೆಸಿದೆ. ಮಳೆಗಾಲ ಬೇರೆ. ಮೊದಲ ಡಬ್ಬದಲ್ಲಿ ನುಸಿ (ದೂಳಿನ ಕಣದಷ್ಟು ಸಣ್ಣ ಜೀವಿ, ಇಂಗ್ಲಿಷಿನಲ್ಲಿ ಮೈಟ್) ಇತ್ತು, ನನಗೆ ಗೊತ್ತಾಗಿರಲಿಲ್ಲ. ಹದಿನೈದು ದಿನದಲ್ಲಿ ಮೂರೂ ಡಬ್ಬದ ಗೋಡೆ ಮೇಲೆ ಬೂದಿ ಬಳಿದ ಹಾಗಾಯಿತು. ಆ ಬೂದಿ ಮೆಲ್ಲಗೆ ನಡೆಯುತ್ತಿತ್ತು.

ಈ ಎರಡು ಪೆಟ್ಟು ತಿಂದ ಮೇಲೆ ಕಲಿತದ್ದನ್ನು ಇಲ್ಲಿ ಬರೆಯುತ್ತಿದ್ದೇನೆ. ಹಳೇ ಬೂಸಾ ಅಂತ ನಾವು ಒಂದೇ ಹೆಸರಲ್ಲಿ ಕರೆಯುವ ಆ ಪುಡಿಯಲ್ಲಿ ಮೂರು ನಾಲ್ಕು ಬೇರೆ ಬೇರೆ ಸಾಮಾನು ಇರುತ್ತದೆ. ಅವನ್ನು ಬಿಡಿಸದೆ ಇಟ್ಟುಕೊಂಡರೂ ನಷ್ಟ, ಬಿಡಿಸದೆ ಬಿಸಾಕಿದರೂ ನಷ್ಟ.

ಒಂದು ಹಿಡಿ ಹಳೇ ಬೂಸಾದಲ್ಲಿ ಏನಿರುತ್ತದೆ

ಮೂರು ತಿಂಗಳ ಡಬ್ಬದಿಂದ ಒಂದು ಹಿಡಿ ತೆಗೆದು ಅಂಗೈಯಲ್ಲಿ ಉಜ್ಜಿ ನೋಡಿ. ತಿನ್ನದೆ ಉಳಿದ ಬೂಸಾ ಚಪ್ಪಟೆ, ಹಗುರ, ಕೈಗೆ ಮೆತ್ತಗೆ ತಾಗುತ್ತದೆ. ಹುಳದ ಹಿಕ್ಕೆ ಬೆರಳ ಸಂದಿಯಿಂದ ಜಾರಿಹೋಗುತ್ತದೆ, ಚಿರೋಟಿ ರವೆಯ ಹಾಗೆ. ಅದು ಒಣಗಿರುತ್ತದೆ, ಹೆಚ್ಚು ವಾಸನೆಯೂ ಇರುವುದಿಲ್ಲ. ಇನ್ನು ಹುಳ ಬೆಳೆಯುವಾಗ ಕಳಚಿದ ಪೊರೆ. ಈರುಳ್ಳಿ ಸಿಪ್ಪೆಯ ಬಣ್ಣ, ಸ್ವಲ್ಪ ಊದಿದರೂ ಹಾರಿಹೋಗುತ್ತದೆ.

ಮೊಟ್ಟೆ ಮಾತ್ರ ಕಣ್ಣಿಗೆ ಬೀಳುವುದಿಲ್ಲ. ಬಿಳಿ ಬಣ್ಣ, ಉದ್ದ ಒಂದೂವರೆ ಮಿಲಿಮೀಟರ್ ಆಸುಪಾಸು. ದುಂಬಿ ಮೊಟ್ಟೆ ಇಡುವಾಗ ಅದರ ಮೇಲೆ ಅಂಟು ಇರುತ್ತದೆ. ತಕ್ಷಣ ಸುತ್ತಲಿನ ಬೂಸಾ ಪುಡಿ ಮೆತ್ತಿಕೊಂಡು ಅದೂ ಒಂದು ಬೂಸಾ ಚೂರಿನ ಹಾಗೇ ಆಗಿಬಿಡುತ್ತದೆ. ಡಬ್ಬದ ತಳದಲ್ಲಿ ಪುಡಿ ಸಣ್ಣ ಸಣ್ಣ ಗಂಟಾಗಿ ಹಿಡಿದುಕೊಂಡಿದ್ದರೆ ಅದು ಬರೀ ಕೊಳೆ ಅಂತ ಉಜ್ಜಿ ತೊಳೆಯಬೇಡಿ. ಫೋನ್ ಕ್ಯಾಮೆರಾ ಝೂಮ್ ಮಾಡಿ ನೋಡಿ. ಒಂದು ಹೆಣ್ಣು ದುಂಬಿ ಬದುಕಿರುವ ಎರಡು ಮೂರು ತಿಂಗಳಲ್ಲಿ ನೂರಾರು ಮೊಟ್ಟೆ ಇಡುತ್ತದೆ. ನಾನು ಕಾಂಪೋಸ್ಟ್‌ಗೆ ಸುರಿದದ್ದು ಅದನ್ನೇ.

ಬೂಸಾ ಸಾಗುವ ದಾರಿ

ನಾನು ಡಬ್ಬಗಳನ್ನು ಮೂರು ಥರ ಇಟ್ಟುಕೊಂಡಿದ್ದೇನೆ: ದುಂಬಿ ಡಬ್ಬ, ಮರಿ ಡಬ್ಬ, ದೊಡ್ಡ ಹುಳದ ಡಬ್ಬ. ಹೊಸ ಬೂಸಾ ಮೊದಲು ದುಂಬಿಗೆ ಹೋಗುತ್ತದೆ. ದುಂಬಿ ಮೊಟ್ಟೆ ಇಟ್ಟ ಮೇಲೆ ಅದೇ ಬೂಸಾ ಮರಿ ಡಬ್ಬ ಆಗುತ್ತದೆ. ಮರಿ ಬೆಳೆದು ದೊಡ್ಡ ಹುಳ ಆಗುವ ಹೊತ್ತಿಗೆ ಬೂಸಾ ಮುಕ್ಕಾಲು ಪಾಲು ಹಿಕ್ಕೆ ಆಗಿರುತ್ತದೆ. ಆಗ ಜರಡಿ ಹಿಡಿದು ಹಿಕ್ಕೆಯನ್ನು ಗಿಡಕ್ಕೆ ಹಾಕಿ, ಉಳಿದ ಸ್ವಲ್ಪ ಬೂಸಾವನ್ನು ಕಾಯಿಸಿ ಮತ್ತೆ ದೊಡ್ಡ ಹುಳಕ್ಕೇ ಕೊಡುತ್ತೇನೆ. ಹಿಂದಕ್ಕೆ ಮಾತ್ರ ಬರಬಾರದು. ದೊಡ್ಡ ಹುಳದ ಡಬ್ಬದಿಂದ ಬಂದದ್ದು ಯಾವತ್ತೂ ದುಂಬಿ ಡಬ್ಬಕ್ಕೆ ಹೋಗಕೂಡದು.

ಹಾಗೇಕೆ ಅಂತೀರಾ? ಹಳೇ ಡಬ್ಬದಲ್ಲಿ ನುಸಿಯೋ ರೋಗವೋ ಇದ್ದರೆ ಅದು ಆ ಡಬ್ಬದಲ್ಲೇ ಮುಗಿಯಬೇಕು. ದುಂಬಿ ಡಬ್ಬಕ್ಕೆ ಸೇರಿದರೆ ಮುಂದಿನ ಎಲ್ಲ ಡಬ್ಬಕ್ಕೂ ಹರಡುತ್ತದೆ.

ನಮ್ಮಜ್ಜಿ ಊರು ಶಿಡ್ಲಘಟ್ಟದ ಹತ್ತಿರ. ಅಲ್ಲಿ ರೇಷ್ಮೆ ಹುಳ ಮೇಯಿಸಿದವರಿಗೆ ಇದನ್ನೆಲ್ಲ ಹೇಳಿಕೊಡಬೇಕಿಲ್ಲ. ನನ್ನ ಡಬ್ಬಗಳನ್ನು ನೋಡಿ ಅಜ್ಜಿ ಮೊದಲು ನಕ್ಕರು. "ಏನ್ ಮಗ, ರೇಷ್ಮೆ ಹುಳ ಬಿಟ್ಟು ಬೂಸಾ ಹುಳ ಸಾಕ್ತಿದೀಯಾ?" ಆಮೇಲೆ ಒಂದು ಡಬ್ಬ ಎತ್ತಿ ಮೂಸಿ ನೋಡಿ, "ಇದು ಮುಗ್ಗಲು ಹಿಡಿದೈತೆ, ಇದನ್ನ ಬೇರೆದಕ್ಕೆ ಸೇರಿಸ್ಬೇಡ" ಅಂದರು. ನುಸಿ ಬಿದ್ದದ್ದು ಅದೇ ಡಬ್ಬಕ್ಕೆ. ಅವರ ಮಾತು ಕೇಳಿದ್ದರೆ ಇನ್ನೆರಡು ಉಳಿಯುತ್ತಿದ್ದವು.

ಬೇಕಾಗುವ ಸಾಮಾನು

ಮೈದಾ ಜರಡಿ ಒಂದು, ಅದರ ಕಣ್ಣು ಅರ್ಧ ಮಿಲಿಮೀಟರ್ ಆಸುಪಾಸು ಇದ್ದರೆ ಸಾಕು. ಎರಡು ಮೂರು ಮಿಲಿಮೀಟರ್ ಕಣ್ಣಿನ ದೊಡ್ಡ ಜರಡಿ ಒಂದು. ಕಾಳು ಜಾಲಿಸುವ ವಂದರಿ ಮನೆಯಲ್ಲಿದ್ದರೆ ಅದೇ ಆಗುತ್ತದೆ. ಆದರೆ ಅಡುಗೆಮನೆಯದನ್ನು ಕೇಳದೆ ಎತ್ತಿಕೊಂಡು ಬರಬೇಡಿ, ಆ ಕಥೆ ಇಲ್ಲಿ ಬೇಡ. ಒಂದು ಮೊರ. ಮುಚ್ಚಳ ಇರುವ ಖಾಲಿ ಡಬ್ಬ ಎರಡು. ಅಡುಗೆ ಥರ್ಮಾಮೀಟರ್. ಕಪ್ಪು ಹಾಳೆ ಒಂದು. ಮಾಸ್ಕ್.

ಮಾಸ್ಕ್ ಬಗ್ಗೆ ಉಡಾಫೆ ಬೇಡ. ಹಿಕ್ಕೆ ಮತ್ತು ಪೊರೆಯ ದೂಳಿನಿಂದ ಕೆಲವರಿಗೆ ಸೀನು, ಕಣ್ಣುರಿ, ಉಬ್ಬಸ ಬರುತ್ತದೆ. ಮೊದಲು ಏನೂ ಆಗದವರಿಗೂ ವರ್ಷಗಟ್ಟಲೆ ದೂಳು ಕುಡಿದ ಮೇಲೆ ಅಲರ್ಜಿ ಶುರುವಾಗಬಹುದು. ಜರಡಿ ಹಿಡಿಯುವ ಕೆಲಸ ಟೆರೇಸ್‌ನಲ್ಲೋ ಬಾಲ್ಕನಿಯಲ್ಲೋ ಆಗಲಿ, ರೂಮಿನೊಳಗೆ ಬೇಡ.

ಹಂತ 1: ಮುಟ್ಟುವ ಮೊದಲು ಪರೀಕ್ಷೆ

ಮುಚ್ಚಳ ತೆಗೆದು ಮೂಸಿ. ಒಣ ಬೂಸಾ ವಾಸನೆಯೋ ಸ್ವಲ್ಪ ಮಣ್ಣಿನ ವಾಸನೆಯೋ ಬಂದರೆ ಸರಿ. ಮುಗ್ಗಲು ವಾಸನೆ ಬಂದರೆ ಒಳಗೆಲ್ಲೋ ಬೂಷ್ಟು ಇದೆ. ಮೂಗಿಗೆ ಚುರ್ ಅನ್ನುವ ಅಮೋನಿಯ ವಾಸನೆ ಬಂದರೆ ಒದ್ದೆ ಆಗಿದೆ, ಹುಳ ಸತ್ತಿರಬಹುದು.

ಆಮೇಲೆ ನುಸಿ ಪರೀಕ್ಷೆ. ಇದನ್ನು ತಪ್ಪಿಸಬೇಡಿ. ಡಬ್ಬದ ತಳದಿಂದ ಒಂದು ಚಮಚ ಸಣ್ಣ ಪುಡಿ ತೆಗೆದು ಕಪ್ಪು ಹಾಳೆ ಮೇಲೆ ಗೋಪುರದ ಹಾಗೆ ಗುಡ್ಡೆ ಮಾಡಿ. ಅಂಚನ್ನು ಚಾಕುವಿನಲ್ಲಿ ನೀಟಾಗಿ ಒತ್ತಿ ಬಿಟ್ಟು ಹೋಗಿ. ಫ್ಯಾನ್ ಆಫ್ ಇರಲಿ. ಕಾಫಿ ಕುಡಿದು ಹದಿನೈದು ಇಪ್ಪತ್ತು ನಿಮಿಷಕ್ಕೆ ವಾಪಸ್ ಬಂದು ನೋಡಿ. ಗುಡ್ಡೆ ಹಾಗೇ ಚೂಪಾಗಿದ್ದರೆ ಬಚಾವ್. ಅಂಚು ಕುಸಿದು ಸುತ್ತ ತೆಳ್ಳಗೆ ದೂಳು ಹರಡಿದ್ದರೆ ಅದು ನುಸಿ, ಅವು ನಡೆದುಕೊಂಡು ಆಚೆ ಬಂದಿವೆ. ಒಂದು ಚಿಟಿಕೆ ಆ ದೂಳನ್ನು ಬೆರಳಲ್ಲಿ ಹಿಸುಕಿ ಮೂಸಿದರೆ ಪುದೀನದಂಥ ವಾಸನೆ ಬರುತ್ತದೆ. ಹಿಟ್ಟಿನ ನುಸಿಯ ಗುರುತೇ ಅದು.

ಪರೀಕ್ಷೆಯಲ್ಲಿ ಫೇಲ್ ಆದ ಡಬ್ಬದ ಬೂಸಾ ಮರುಬಳಕೆಗೆ ಬರುವುದಿಲ್ಲ. ನುಸಿ ಇದ್ದರೆ ಹುಳಗಳನ್ನು ಮಾತ್ರ ಜರಡಿ ಹಿಡಿದು ಒಣ ಡಬ್ಬಕ್ಕೆ ಹಾಕಿ, ನಾಲ್ಕೈದು ದಿನ ತರಕಾರಿ ಕೊಡಬೇಡಿ. ತೇವ ಇಲ್ಲದೆ ನುಸಿ ಬದುಕುವುದು ಕಷ್ಟ, ಹುಳಕ್ಕೆ ಅಷ್ಟು ದಿನ ಏನೂ ಆಗುವುದಿಲ್ಲ. ಬೂಸಾವನ್ನು ಕವರ್‌ನಲ್ಲಿ ಬಿಗಿಯಾಗಿ ಕಟ್ಟಿ ಮನೆಯಿಂದ ದೂರ ಕಳಿಸಿ. ಡಬ್ಬವನ್ನು ಕುದಿಯುವಷ್ಟು ಬಿಸಿ ನೀರಿನಲ್ಲಿ ತೊಳೆದು ಬಿಸಿಲಲ್ಲಿ ಒಣಗಿಸಿ.

ಬೂಷ್ಟು ಹಿಡಿದದ್ದನ್ನು ಕಾಯಿಸಿ ಬಳಸಬಹುದಲ್ವಾ ಅಂತ ಬಹಳ ಜನ ಕೇಳುತ್ತಾರೆ. ಆಗುವುದಿಲ್ಲ. ಕಾಯಿಸಿದರೆ ಬೂಷ್ಟು ಸಾಯುತ್ತದೆ, ಆದರೆ ಅದು ಬಿಟ್ಟುಹೋದ ವಿಷ ಸಾಯುವುದಿಲ್ಲ. ಅಫ್ಲಾಟಾಕ್ಸಿನ್ ಅನ್ನುವುದು ಒಲೆಯ ಬಿಸಿಗೆ ಜಗ್ಗುವಂಥದ್ದಲ್ಲ. ಆ ಹುಳವನ್ನು ಕೋಳಿಗೆ ಹಾಕುವವರಂತೂ ಈ ವಿಷಯದಲ್ಲಿ ಇನ್ನೂ ಹುಷಾರಾಗಿರಬೇಕು, ಕೋಳಿಗೆ ಈ ವಿಷ ಬೇಗ ತಾಗುತ್ತದೆ. ಹಾಗೆಯೇ ಕಪ್ಪಾಗಿ ಕೊಳೆತ ಹುಳ ನಾಲ್ಕಾರು ಸಿಕ್ಕಿದ ಡಬ್ಬದ ಬೂಸಾವನ್ನೂ ನಾನು ಇಟ್ಟುಕೊಳ್ಳುವುದಿಲ್ಲ.

ಹಂತ 2: ದುಂಬಿ ಎದ್ದು ಹೋಗಲಿ, ಬೂಸಾ ಅಲ್ಲೇ ಇರಲಿ

ನಿಜವಾದ ಮರುಬಳಕೆ ಇಲ್ಲಿಯೇ ಇದೆ, ಇದಕ್ಕೆ ಒಲೆಯೂ ಬೇಡ ಬಿಸಿಲೂ ಬೇಡ.

ದುಂಬಿ ಡಬ್ಬಕ್ಕೆ ಎರಡು ಮೂರು ಸೆಂಟಿಮೀಟರ್ ಬೂಸಾ ಸಾಕು. ಹತ್ತರಿಂದ ಹದಿನಾಲ್ಕು ದಿನಕ್ಕೊಮ್ಮೆ ದುಂಬಿಗಳನ್ನು ಹೊಸ ಡಬ್ಬಕ್ಕೆ ಎತ್ತಿ. ತಡ ಮಾಡಿದರೆ ದುಂಬಿ ತನ್ನ ಮೊಟ್ಟೆಯನ್ನೇ ತಿಂದುಹಾಕುತ್ತದೆ. ಎತ್ತುವುದಕ್ಕೆ ದೊಡ್ಡ ಕಣ್ಣಿನ ಜರಡಿ ಬಳಸಿ. ದುಂಬಿ ಮೇಲೆ ನಿಲ್ಲುತ್ತದೆ, ಬೂಸಾ ಕೆಳಗೆ ಬೀಳುತ್ತದೆ, ಮೊಟ್ಟೆಯೂ ಅದರ ಜೊತೆ ಬೀಳುತ್ತದೆ. ರಾಗಿ ಹಿಟ್ಟು ಜಾಲಿಸುವ ಹಾಗೆ ದಡಬಡ ಅಲ್ಲಾಡಿಸಬೇಡಿ. ನಾಲ್ಕು ಸಲ ಮೆಲ್ಲಗೆ ತಟ್ಟಿದರೆ ಸಾಕು.

ಕೆಳಗೆ ಬಿದ್ದ ಬೂಸಾವನ್ನು ಅದೇ ಡಬ್ಬಕ್ಕೆ ವಾಪಸ್ ಹಾಕಿ. ತಳದಲ್ಲಿ ಅಂಟಿದ ಗಂಟುಗಳನ್ನು ಮುಟ್ಟಬೇಡಿ. ಕೋಳಿಮೊಟ್ಟೆ ಬರುವ ರಟ್ಟಿನ ಟ್ರೇ ತುಂಡನ್ನು ಡಬ್ಬದೊಳಗೆ ಇಟ್ಟಿದ್ದರೆ ಅದರ ಮೇಲೂ ಮೊಟ್ಟೆ ಅಂಟಿರಬಹುದು, ಅದನ್ನೂ ಜೊತೆಗೇ ಬಿಡಿ. ಮೇಲೆ ಒಂದು ಚೀಟಿ ಅಂಟಿಸಿ ತಾರೀಖು ಬರೆಯಿರಿ. ತಾರೀಖು ಬರೆಯದೆ "ನೆನಪಿರುತ್ತದೆ" ಅಂದುಕೊಂಡ ಡಬ್ಬ ನನ್ನ ಹತ್ತಿರ ಒಂದು ಕಾಲದಲ್ಲಿ ಐದಿತ್ತು. ಯಾವುದು ಯಾವಾಗಿನದು ಅಂತ ಇವತ್ತಿಗೂ ಗೊತ್ತಿಲ್ಲ.

ಹಂತ 3: ಮರಿ ಡಬ್ಬದಲ್ಲಿ ಸುಮ್ಮನಿರುವುದು

ಬೆಂಗಳೂರಿನ ಹವೆಯಲ್ಲಿ ಮೊಟ್ಟೆ ಒಂದೆರಡು ವಾರದಲ್ಲಿ ಒಡೆಯುತ್ತದೆ, ಚಳಿಯಲ್ಲಿ ಇನ್ನೂ ತಡ. ಮರಿ ಎಷ್ಟು ಸಣ್ಣದು ಅಂದರೆ ಮೈದಾ ಜರಡಿಯಲ್ಲೂ ಜಾರಿ ಹಿಕ್ಕೆಯ ಜೊತೆ ಹೋಗಿಬಿಡುತ್ತದೆ. ಅದಕ್ಕೇ ಮೊದಲ ಆರರಿಂದ ಎಂಟು ವಾರ ಜರಡಿ ಮುಟ್ಟುವ ಹಾಗೇ ಇಲ್ಲ. ಡಬ್ಬ ಖಾಲಿ ಅನ್ನಿಸುತ್ತದೆ. ಏನೂ ಆಗಲಿಲ್ಲ ಅಂತ ಬಿಸಾಕಬೇಕು ಅನ್ನಿಸುತ್ತದೆ. ತಡೆಯಿರಿ. ಬೂಸಾವನ್ನು ಸಮ ಮಾಡಿ ಟಾರ್ಚ್ ಬಿಟ್ಟು ಅರ್ಧ ನಿಮಿಷ ದಿಟ್ಟಿಸಿ ನೋಡಿ. ಮೇಲ್ಮೈ ಅಲ್ಲಲ್ಲಿ ಅಲುಗುತ್ತಿದ್ದರೆ ಮರಿ ಬಂದಿವೆ ಅಂತ ಲೆಕ್ಕ.

ಈ ಹಂತದಲ್ಲಿ ಕ್ಯಾರೆಟ್‌ನ ತೆಳು ಬಿಲ್ಲೆ ಒಂದೆರಡು ಸಾಕು, ಅದನ್ನೂ ಮರುದಿನ ತೆಗೆದುಬಿಡಿ. ಬೂಸಾ ಕಡಿಮೆ ಆಗಿ ಪುಡಿ ಜಾಸ್ತಿ ಕಂಡರೆ ಮೇಲಿನಿಂದ ಒಂದು ಹಿಡಿ ಹೊಸ ಬೂಸಾ ಉದುರಿಸಿ. ಕಲಸಬೇಡಿ. ಹುಳಗಳೇ ಮೇಲೆ ಬರುತ್ತವೆ.

ಹಂತ 4: ಜರಡಿ ಮತ್ತು ಮೊರ

ಹುಳ ಒಂದೂವರೆ ಸೆಂಟಿಮೀಟರ್ ಆದ ಮೇಲೆ ಜರಡಿ ಹಿಡಿಯಿರಿ. ಹಿಂದಿನ ಎರಡು ದಿನ ತರಕಾರಿ ನಿಲ್ಲಿಸಿರಬೇಕು. ಹಿಕ್ಕೆ ಒಣಗಿದ್ದರೆ ಮಾತ್ರ ಇಳಿಯುತ್ತದೆ, ಸ್ವಲ್ಪ ತೇವ ಇದ್ದರೂ ಜರಡಿಯ ಕಣ್ಣು ಕಟ್ಟಿಕೊಳ್ಳುತ್ತದೆ.

ಮೊದಲು ದೊಡ್ಡ ಜರಡಿ. ದಪ್ಪ ಹುಳ, ಕೋಶ (ಹುಳ ದುಂಬಿ ಆಗುವ ಮುಂಚಿನ ಹಂತ), ಒಣಗಿದ ಕ್ಯಾರೆಟ್ ಸಿಪ್ಪೆ ಮೇಲೆ ಉಳಿಯುತ್ತವೆ. ಕಣ್ಣು ಮೂರು ಮಿಲಿಮೀಟರ್ ಇದ್ದರೆ ತೆಳ್ಳಗಿನ ಹುಳ ತಲೆ ತೂರಿಸಿ ಇಳಿದುಬಿಡುತ್ತದೆ. ಇಳಿಯಲಿ ಬಿಡಿ. ಕೆಳಗೆ ಬಿದ್ದದ್ದನ್ನು ಮೈದಾ ಜರಡಿಗೆ ಹಾಕಿ. ಈಗ ಕೆಳಗೆ ಬೀಳುವುದು ಹಿಕ್ಕೆ. ಮೇಲೆ ಉಳಿಯುವುದು ಬೂಸಾ, ಪೊರೆ, ಸಣ್ಣ ಹುಳ.

ಸಣ್ಣ ಹುಳ ಬಿಡಿಸುವುದಕ್ಕೆ ಒಂದು ಸೋಮಾರಿ ಉಪಾಯ ಇದೆ. ಮೇಲೆ ಉಳಿದದ್ದನ್ನು ತಟ್ಟೆಯಲ್ಲಿ ಹರಡಿ ಮಧ್ಯೆ ಆಲೂಗಡ್ಡೆ ಬಿಲ್ಲೆ ಇಟ್ಟು ಮಲಗಿ. ಬೆಳಗ್ಗೆ ಬಿಲ್ಲೆ ಎತ್ತಿದರೆ ಅಡಿಯಲ್ಲಿ ಹುಳಗಳ ಗೊಂಚಲು. ಹುಳದ ಡಬ್ಬದ ಮೇಲೆ ಹಿಡಿದು ಕೊಡವಿ. ಎರಡು ಮೂರು ರಾತ್ರಿ ಮಾಡಿದರೆ ಬಹುಪಾಲು ಬಂದುಬಿಡುತ್ತವೆ.

ಆಮೇಲೆ ಉಳಿದ ಬೂಸಾವನ್ನು ಮೊರಕ್ಕೆ ಹಾಕಿ ಕೇರಿ. ಕೇರಲು ಬಾರದವರು ಟೇಬಲ್ ಫ್ಯಾನ್ ಸಣ್ಣಗೆ ಇಟ್ಟು ಅದರ ಮುಂದೆ ಮೇಲಿನಿಂದ ಉದುರಿಸಿ. ಪೊರೆ ದೂರ ಹೋಗಿ ಬೀಳುತ್ತದೆ, ಬೂಸಾ ಹತ್ತಿರ ಬೀಳುತ್ತದೆ. ನನಗೆ ಕೇರುವುದು ಬರುವುದಿಲ್ಲ, ಮೂರು ಸಲ ಟೆರೇಸ್ ತುಂಬ ಚೆಲ್ಲಿದ ಮೇಲೆ ಫ್ಯಾನಿಗೆ ಬಂದೆ.

ನನ್ನ ದೊಡ್ಡ ಡಬ್ಬಕ್ಕೆ ಶುರುವಿನಲ್ಲಿ ಸುಮಾರು ಒಂದು ಕೆಜಿ ಬೂಸಾ ಹಿಡಿಯುತ್ತದೆ. ಕೊನೆಗೆ ವಾಪಸ್ ಸಿಗುವ ಚೊಕ್ಕ ಬೂಸಾ ಇನ್ನೂರು ಗ್ರಾಂ ಇದ್ದರೆ ಹೆಚ್ಚು. ಇಷ್ಟಕ್ಕೆ ಇಷ್ಟು ಒದ್ದಾಟ ಬೇಕಾ ಅಂತ ನೀವು ಕೇಳಿದರೆ, ಎರಡು ಡಬ್ಬ ಇಟ್ಟಿರುವವರಿಗೆ ಬೇಡ ಅಂತಲೇ ನಾನು ಹೇಳುವುದು. ಒಂದು ಮಸಾಲೆ ದೋಸೆಯ ದುಡ್ಡಿಗೆ ಎರಡು ಕೆಜಿ ಹೊಸ ಬೂಸಾ ಬರುತ್ತದೆ. ಅವರು ಹಂತ 2 ಮತ್ತು ಹಿಕ್ಕೆಯ ಕೆಲಸ ಮಾಡಿಕೊಂಡರೆ ಸಾಕು. ಹತ್ತು ಹನ್ನೆರಡು ಡಬ್ಬ ಇದ್ದವರಿಗೆ, ಕೋಳಿಗೆ ಅಂತ ದೊಡ್ಡದಾಗಿ ಬೆಳೆಸುವವರಿಗೆ ಮುಂದಿನ ಹಂತ.

ಹಂತ 5: ಕಾದು ನೋಡುವ ಡಬ್ಬ

ಜರಡಿಯಿಂದ ಇಳಿದ ಹಿಕ್ಕೆಯನ್ನು ತಕ್ಷಣ ಗಿಡಕ್ಕೆ ಹಾಕಬೇಡಿ, ಆರಿಸಿದ ಬೂಸಾವನ್ನು ತಕ್ಷಣ ಕಾಯಿಸಬೇಡಿ. ಡಬ್ಬದಲ್ಲಿ ಒಂದೆರಡು ಹುಳ ಮುಂಚೆಯೇ ಕೋಶವಾಗಿ ದುಂಬಿಯಾಗಿ ಮೊಟ್ಟೆ ಇಟ್ಟಿರುತ್ತವೆ. ಎರಡನ್ನೂ ಬೇರೆ ಬೇರೆ ಡಬ್ಬದಲ್ಲಿ ಮೂರು ವಾರ ಇಡಿ. ವಾರಕ್ಕೊಮ್ಮೆ ಕ್ಯಾರೆಟ್ ಬಿಲ್ಲೆ ಇಟ್ಟು ಮರುದಿನ ತೆಗೆದು ನೋಡಿ. ಮರಿ ಅಂಟಿಕೊಂಡಿದ್ದರೆ ಮರಿ ಡಬ್ಬಕ್ಕೆ ಕೊಡವಿಕೊಳ್ಳಿ. ನನಗೆ ಕೆಲವು ಸಲ ಈ ಡಬ್ಬದಿಂದಲೇ ನೂರಿನ್ನೂರು ಹುಳ ಸಿಕ್ಕಿವೆ.

ಹಂತ 6: ಬೂಸಾ ಕಾಯಿಸುವುದು

ಬೂಸಾದಲ್ಲಿ ಕಣ್ಣಿಗೆ ಬೀಳದೆ ಉಳಿದಿರಬಹುದಾದ ನುಸಿ ಸಾಯಲಿ ಅಂತ ಈ ಕೆಲಸ. ಮೂರು ದಾರಿ ಇದೆ. ಮನೆಯಲ್ಲಿ ಯಾವುದು ಅನುಕೂಲವೋ ಅದನ್ನು ಮಾಡಿ.

ಓವನ್ ಇದ್ದರೆ ಬೂಸಾವನ್ನು ಟ್ರೇನಲ್ಲಿ ಎರಡು ಸೆಂಟಿಮೀಟರ್‌ಗಿಂತ ದಪ್ಪ ಆಗದ ಹಾಗೆ ಹರಡಿ, ಒಳಗೆ 70 ಡಿಗ್ರಿ ಸೆಲ್ಸಿಯಸ್ ಬಂದ ಮೇಲೆ ಒಂದು ಗಂಟೆ ಇಡಿ. ಥರ್ಮಾಮೀಟರ್ ಚುಚ್ಚಬೇಕಾದದ್ದು ಬೂಸಾದೊಳಗೆ. ಓವನ್ನಿನ ಗುಂಡಿ ಹೇಳುವ ಲೆಕ್ಕ ನಂಬಬೇಡಿ. ಓವನ್ ಇಲ್ಲದವರು ಬಾಣಲೆಯಲ್ಲಿ ಸಣ್ಣ ಉರಿಯಲ್ಲಿ ಉಪ್ಪಿಟ್ಟಿನ ರವೆ ಹುರಿದ ಹಾಗೆ ಕೈಯಾಡಿಸುತ್ತ ಇರಿ. ಬಣ್ಣ ಬದಲಾಗಬಾರದು, ಆದರೆ ಬೆರಳಿಟ್ಟರೆ ಚುರ್ ಅನ್ನಬೇಕು. ಹಿಕ್ಕೆ ಚೆನ್ನಾಗಿ ಇಳಿದಿರಲಿ. ಹಿಕ್ಕೆ ಸೇರಿದ ಬೂಸಾ ಹುರಿದರೆ ಬರುವ ವಾಸನೆಗೆ ಮನೆಯವರು ನಿಮ್ಮನ್ನೂ ಡಬ್ಬವನ್ನೂ ಒಟ್ಟಿಗೆ ಆಚೆ ಹಾಕುತ್ತಾರೆ.

ಬಿಸಿಲು ಎರಡನೆಯ ದಾರಿ. ಮಾರ್ಚ್‌ನಿಂದ ಮೇವರೆಗೆ ಇದಕ್ಕಿಂತ ಸುಲಭ ಇನ್ನೊಂದಿಲ್ಲ. ಬಿಸಿ ಟೆರೇಸ್ ಮೇಲೆ ಗೋಣಿಚೀಲ, ಅದರ ಮೇಲೆ ಕಪ್ಪು ಪ್ಲಾಸ್ಟಿಕ್, ಅದರ ಮೇಲೆ ತೆಳ್ಳಗೆ ಬೂಸಾ, ಮೇಲಿಂದ ಪಾರದರ್ಶಕ ಪ್ಲಾಸ್ಟಿಕ್ ಹೊದಿಸಿ ಅಂಚಿಗೆಲ್ಲ ಕಲ್ಲಿಡಿ. ಬೇಳೆಕಾಳಿಗೆ ಹುಳ ಬಿದ್ದರೆ ಬಿಸಿಲಿಗೆ ಹಾಕುವುದು ನಮಗೆ ಹೊಸದಲ್ಲ, ಪ್ಲಾಸ್ಟಿಕ್ ಹೊದಿಕೆ ಆ ಬಿಸಿಯನ್ನು ಒಳಗೇ ಹಿಡಿದಿಡುತ್ತದೆ. ಬೆಳಗ್ಗೆ ಹನ್ನೊಂದರಿಂದ ಮೂರರವರೆಗೆ ಬಿಡಿ, ಮಧ್ಯೆ ಒಮ್ಮೆ ಥರ್ಮಾಮೀಟರ್ ಇಟ್ಟು 60 ದಾಟಿದೆಯಾ ನೋಡಿ. ದಾಟದಿದ್ದರೆ ಮರುದಿನ ಮತ್ತೆ. ಹೊದಿಕೆಯ ಒಳಗೆ ನೀರಹನಿ ಕಟ್ಟಿದರೆ ಬೂಸಾದಲ್ಲಿ ತೇವ ಇದೆ ಅಂತ ಅರ್ಥ. ಹೊದಿಕೆ ತೆಗೆದು ಮೊದಲು ಒಣಗಿಸಿ, ಆಮೇಲೆ ಮುಚ್ಚಿ.

ಮೂರನೆಯದು ಫ್ರೀಜರ್. ಮೈನಸ್ 18 ಡಿಗ್ರಿ ಇದ್ದರೆ ನಾಲ್ಕು ದಿನ, ಮನೆಯ ಸಣ್ಣ ಫ್ರೀಜರ್ ಆದರೆ ಒಂದು ವಾರವೇ ಇಡಿ. ಹೊರಗೆ ತೆಗೆದ ಮೇಲೆ ಕವರ್ ಬಿಚ್ಚದೆ ಅರ್ಧ ದಿನ ಹಾಗೇ ಬಿಡಬೇಕು. ತಣ್ಣಗಿರುವಾಗ ಬಿಚ್ಚಿದರೆ ಗಾಳಿಯ ನೀರಂಶ ಬೂಸಾ ಮೇಲೆ ಕೂತು, ನುಸಿಯನ್ನು ಕೊಂದ ಕೆಲಸವೆಲ್ಲ ವ್ಯರ್ಥವಾಗಿ ಬೂಷ್ಟು ಬರುತ್ತದೆ.

ಯಾವ ದಾರಿಯಾದರೂ ಬೂಸಾ ಪೂರ್ತಿ ಆರಿದ ಮೇಲೆಯೇ ಡಬ್ಬಕ್ಕೆ ತುಂಬಿ. ಇನ್ನೊಂದು ಮಾತು. ಅಂಗಡಿಯಿಂದ ತಂದ ಹೊಸ ಬೂಸಾವನ್ನೂ ಇದೇ ಥರ ಕಾಯಿಸಿ. ಬಹಳ ಸಲ ನುಸಿ ಬರುವುದೇ ಹೊಸ ಚೀಲದಿಂದ, ನಾವು ಸುಮ್ನೆ ಹಳೇದನ್ನು ಬೈಯುತ್ತೇವೆ.

ಹಂತ 7: ಬೆರೆಸುವ ಲೆಕ್ಕ

ಕಾಯಿಸಿದ ಹಳೇ ಬೂಸಾ ಒಂದು ಪಾಲು, ಹೊಸದು ಎರಡು ಪಾಲು. ಅದೂ ದೊಡ್ಡ ಹುಳಕ್ಕೆ ಮಾತ್ರ. ನಾನು ನೋಡಿದ ಮಟ್ಟಿಗೆ ಹುಳ ಮೊದಲು ತಿನ್ನುವುದು ಬೂಸಾಗೆ ಅಂಟಿದ ಹಿಟ್ಟನ್ನು. ಜರಡಿಯಲ್ಲಿ ಉಳಿಯುವುದು ಹೆಚ್ಚಾಗಿ ಬರೀ ಹೊಟ್ಟು. ಅದು ಕೂರಲು ಜಾಗ ಕೊಡುತ್ತದೆ, ಹೊಟ್ಟೆ ತುಂಬಿಸುವುದಿಲ್ಲ. ಒಮ್ಮೆ ಬೆರೆಸಿದ ಬೂಸಾವನ್ನು ಇನ್ನೊಂದು ಸಲ ಆರಿಸಲು ಹೋಗಬೇಡಿ, ಅದು ನೇರ ಗಿಡಕ್ಕೆ.

ಇಂಥ ಡಬ್ಬದಿಂದ ಎತ್ತಿದ ಹುಳವನ್ನು ಮೀನಿಗೋ ಕೋಳಿಗೋ ಕೊಡುವ ಮೊದಲು ಒಂದೆರಡು ದಿನ ಬರೀ ಹೊಸ ಬೂಸಾ ಮತ್ತು ಕ್ಯಾರೆಟ್ ಮೇಲೆ ಇಡಿ. ಹುಳದ ಹೊಟ್ಟೆಯಲ್ಲಿ ಏನಿದೆಯೋ ಅದೇ ತಾನೇ ನಿಮ್ಮ ಮೀನಿನ ಹೊಟ್ಟೆಗೂ ಹೋಗುವುದು.

ಹಿಕ್ಕೆ ಗಿಡಕ್ಕೆ

ಹಿಕ್ಕೆಯಲ್ಲಿ ಸಾರಜನಕ, ರಂಜಕ, ಪೊಟ್ಯಾಷ್ ಮೂರೂ ಇವೆ, ಪೊರೆಯ ಚೂರಿನಿಂದ ಕೈಟಿನ್ (ಹುಳದ ಮೈಹೊದಿಕೆಯ ಗಟ್ಟಿ ಪದಾರ್ಥ) ಕೂಡ ಸೇರುತ್ತದೆ. ಹತ್ತು ಇಂಚಿನ ಕುಂಡಕ್ಕೆ ತಿಂಗಳಿಗೆ ಒಂದು ಚಮಚ, ಮಣ್ಣು ಕೆದಕಿ ಒಳಗೆ ಸೇರಿಸಿ. ಮೇಲೆಯೇ ಉದುರಿಸಿ ನೀರು ಹಾಕಿದರೆ ಎರಡೇ ದಿನದಲ್ಲಿ ಬಿಳಿ ಬೂಷ್ಟು ಬರುತ್ತದೆ. ಒಂದು ಹಿಡಿ ಹಾಕಿದರೆ ಇನ್ನೂ ಒಳ್ಳೆಯದಲ್ವಾ ಅಂತ ನಮ್ಮ ಕರಿಬೇವಿನ ಗಿಡಕ್ಕೆ ಹಾಕಿ ನೋಡಿದೆ. ತುದಿ ಎಲೆ ಸುಟ್ಟುಕೊಂಡಿತು, ಚೇತರಿಸಿಕೊಳ್ಳಲು ಎರಡು ತಿಂಗಳು ಹಿಡಿಯಿತು.

ಯೂರೋಪಿನಲ್ಲಿ ಹುಳದ ಹಿಕ್ಕೆಯನ್ನು ಗೊಬ್ಬರ ಅಂತ ಮಾರಬೇಕಾದರೆ 70 ಡಿಗ್ರಿಯಲ್ಲಿ ಒಂದು ಗಂಟೆ ಕಾಯಿಸಿರಬೇಕು ಅಂತ 2021ರಿಂದ ನಿಯಮ ಇದೆ. ನಮ್ಮ ಮನೆಯ ಕುಂಡಕ್ಕೆ ಅಷ್ಟು ಬೇಡ ಅನ್ನಿಸಿದರೂ ಹಸಿಯಾಗಿ ತಿನ್ನುವ ಕೊತ್ತಂಬರಿ, ಪುದೀನಕ್ಕೆ ಕಾಯಿಸದ ಹಿಕ್ಕೆ ಹಾಕಬೇಡಿ. ಇದನ್ನು ಬಿಸಿಲಿನಲ್ಲಿ ಕಾಯಿಸುವುದೇ ವಾಸಿ, ಒಲೆ ಮೇಲೆ ಬೇಡವೇ ಬೇಡ.

ಮನೆಮದ್ದು ಇಲ್ಲಿ ನಡೆಯುವುದಿಲ್ಲ

ಅಕ್ಕಿಗೆ ನುಸಿ ಬಾರದಿರಲಿ ಅಂತ ಬೇವಿನ ಸೊಪ್ಪು ಹಾಕುತ್ತೇವಲ್ಲ, ಉಳಿಸಿಟ್ಟ ಬೂಸಾಗೂ ಹಾಕೋಣ ಅನ್ನಿಸುತ್ತದೆ. ಹಾಕಬೇಡಿ. ಬೇವಿನಲ್ಲಿರುವ ಅಜಾಡಿರಾಕ್ಟಿನ್ ಹುಳ ಪೊರೆ ಬಿಡುವುದನ್ನೇ ತಡೆಯುತ್ತದೆ. ನಮ್ಮ ಹುಳವೂ ಹುಳವೇ, ಅದು ಬೇರೆ ಇದು ಬೇರೆ ಅಂತ ಬೇವಿಗೆ ಗೊತ್ತಾಗುವುದಿಲ್ಲ. ಬೋರಿಕ್ ಪುಡಿ, ಇರುವೆ ಚಾಕ್, ಸೊಳ್ಳೆ ಸ್ಪ್ರೇ ಯಾವುದೂ ಬೂಸಾ ಇಡುವ ಕಪಾಟಿನ ಹತ್ತಿರ ಸುಳಿಯಬಾರದು. ಇರುವೆ ಕಾಟಕ್ಕೆ ಸ್ಟ್ಯಾಂಡಿನ ಕಾಲಿಗೆ ನೀರಿನ ಬಟ್ಟಲು ಇಡಿ, ರೇಷ್ಮೆ ಮನೆಗಳಲ್ಲಿ ಇಡುವ ಹಾಗೆ.

ಪಶು ಆಹಾರದ ಅಂಗಡಿಯಲ್ಲಿ ಕೇಳುವಾಗ ಬರೀ ಗೋಧಿ ಬೂಸಾ ಅಂತ ಒತ್ತಿ ಹೇಳಿ. ಉಪ್ಪು, ಖನಿಜ ಬೆರೆಸಿದ ಮಿಶ್ರಣ ಕೊಟ್ಟುಬಿಡುತ್ತಾರೆ. ಅಕ್ಕಿ ತೌಡು ಬೇಡ, ಅದರಲ್ಲಿ ಎಣ್ಣೆ ಜಾಸ್ತಿ. ಬೇಗ ಕಮಟು ಬರುತ್ತದೆ, ಉಳಿಸಿಡುವ ಮಾತೇ ಇಲ್ಲ.

ಮಳೆಗಾಲದಲ್ಲಿ

ಜೂನ್‌ನಿಂದ ಅಕ್ಟೋಬರ್‌ವರೆಗೆ ನಾನು ಬೂಸಾ ಉಳಿಸುವುದಿಲ್ಲ. ದುಂಬಿ ಡಬ್ಬದಿಂದ ಮರಿ ಡಬ್ಬ ಆಗುವುದು ಮಾತ್ರ ನಡೆಯುತ್ತದೆ, ಕಾಯಿಸಿ ಬೆರೆಸುವುದು ಬಂದ್. ಗಾಳಿಯ ತೇವ 65-70 ಪರ್ಸೆಂಟ್ ದಾಟಿತು ಅಂದರೆ ನುಸಿಗೆ ಹಬ್ಬ. ಮಂಗಳೂರು, ಉಡುಪಿ, ಕಾರವಾರದ ಕಡೆಯವರಿಗೆ ವರ್ಷದ ಬಹುಪಾಲು ಇದೇ ಪರಿಸ್ಥಿತಿ. ಅಲ್ಲಿ ಹಳೇ ಬೂಸಾ ಎಲ್ಲವನ್ನೂ ಗೊಬ್ಬರಕ್ಕೆ ಬಿಡುವುದೇ ಜಾಣತನ. ಈ ತಿಂಗಳುಗಳಲ್ಲಿ ಸೌತೆಕಾಯಿ, ಕಲ್ಲಂಗಡಿ ಸಿಪ್ಪೆ ಕೊಡಬೇಡಿ. ಕ್ಯಾರೆಟ್ ಕೂಡ ಬೂಸಾ ಮೇಲೆ ನೇರ ಇಡದೆ ಒಂದು ಬಾಟಲಿ ಮುಚ್ಚಳದಲ್ಲಿ ಇಟ್ಟರೆ ಅಡಿಯ ಬೂಸಾ ಒದ್ದೆ ಆಗುವುದು ತಪ್ಪುತ್ತದೆ.

ಬೇರೆ ಹುಳ ಸಾಕುವವರಿಗೆ

ಮೀಲ್‌ವರ್ಮ್‌ಗಿಂತ ದೊಡ್ಡ ಜಾತಿಯ ಸೂಪರ್‌ವರ್ಮ್‌ಗೆ ಇದೇ ಪದ್ಧತಿ ನಡೆಯುತ್ತದೆ, ಜರಡಿಯ ಕಣ್ಣು ಮಾತ್ರ ದೊಡ್ಡದು ಬೇಕು. ಮೇವಿಗೆ ಅಂತ ಡೂಬಿಯಾ ಜಾತಿಯ ಜಿರಳೆ ಸಾಕುವವರು ಡಬ್ಬ ತೊಳೆಯುವಾಗ ಹಳೇ ಹಿಕ್ಕೆ ಒಂದೆರಡು ಹಿಡಿ ವಾಪಸ್ ಹಾಕುತ್ತಾರೆ, ಮರಿಗಳು ಅದನ್ನು ತಿನ್ನುತ್ತವೆ. ರಾತ್ರಿ ಕಿರ್ ಅನ್ನುವ ಕ್ರಿಕೆಟ್ ಹುಳ ಸಾಕುವವರು ಮಾತ್ರ ಉಳಿಸುವ ಆಸೆ ಬಿಡಬೇಕು. ಆ ಹುಳಕ್ಕೆ ಡೆನ್ಸೊವೈರಸ್ ಅಂತ ಒಂದು ಕಾಯಿಲೆ ಇದೆ, 2010ರ ಹೊತ್ತಿಗೆ ಅಮೆರಿಕದ ದೊಡ್ಡ ದೊಡ್ಡ ಫಾರ್ಮ್‌ಗಳನ್ನೇ ಮಲಗಿಸಿತು. ಹಿಕ್ಕೆ ಮೆತ್ತಿದ ಹಳೇ ಟ್ರೇ, ಹಳೇ ಹಾಸು ಅದಕ್ಕೆ ಒಳ್ಳೆಯ ವಾಹನ. ಸತ್ತವುಗಳ ಸಂಖ್ಯೆ ಇದ್ದಕ್ಕಿದ್ದ ಹಾಗೆ ಏರಿದ ಡಬ್ಬದ ಮೊಟ್ಟೆ ಟ್ರೇ, ಹಾಸು, ನೀರಿನ ಸ್ಪಾಂಜು ಎಲ್ಲವನ್ನೂ ಒಂದೇ ಕವರ್‌ನಲ್ಲಿ ಕಟ್ಟಿ ಆಚೆ ಹಾಕಿ, ಡಬ್ಬವನ್ನು ಬ್ಲೀಚ್ ನೀರಿನಲ್ಲಿ ತೊಳೆಯಿರಿ.